ರಾಶಿಯೂ ಸ್ನೇಹವೂ

ಮರಳಿನ ರಾಶಿಯನ್ನು ಕಾಣದವರಿಲ್ಲ. ಅದರ ಮುಂದೆ ಒಂದು ಗಳಿಗೆ ನಿಂತು ನೋಡಿದವರು ವಿರಳ. ಬೆಂಗಳೂರಿನ ಪೂರ್ವಕ್ಕಿರುವ ವೈಟ್‌ಫೀಲ್ಡಿನಲ್ಲಿ ಈ ನೋಟಕ್ಕೆ ಕೊರತೆಯಿಲ್ಲ. ಕಾಡುಗೋಡಿಯಿಂದ ವರ್ತೂರಿನ ಕಡೆಗೆ ಯಾವ ದಾರಿಯನ್ನು ಹಿಡಿದು ಹೊರಟರೂ, ಕಟ್ಟುತ್ತಿರುವ ಯಾವುದಾದರೊಂದು ಮನೆಯ ಮುಂದೆ ಲಾರಿಯು ಮರಳನ್ನು ಸುರಿಯುತ್ತಿರುವುದು ಕಾಣುತ್ತದೆ. ಸುರಿದ ಮರಳು ಕ್ಷಣಕಾಲ ನೀರಿನಂತೆ ಹರಿಯುತ್ತದೆ. ಮರುಕ್ಷಣವೇ ಗುಡ್ಡದಂತೆ ನಿಲ್ಲುತ್ತದೆ. ಯಾರು ಸುರಿದರೂ ಎಷ್ಟು ಸುರಿದರೂ, ಒಣಗಿದ ಮರಳಿನ ಇಳಿಜಾರು ಮಾತ್ರ ಹೆಚ್ಚು ಕಡಮೆ ಒಂದೇ. ಅದು ನೆಲದೊಡನೆ ಸುಮಾರು ೩೦ರಿಂದ ೩೫ ಡಿಗ್ರಿಗಳ ಕೋನವನ್ನು ಮಾಡಿಕೊಂಡು ನಿಲ್ಲುವುದು. ಆಡುವ ಮಗುವೊಂದು ರಾಶಿಯ ಬುಡದಿಂದ ಒಂದು ಹಿಡಿಯನ್ನು ಕಿತ್ತುಕೊಂಡರೆ, ಮೇಲಿನ ಮರಳು ಸರಸರನೆ ಜಾರಿ ಮತ್ತೆ ಅದೇ ಇಳಿಜಾರನ್ನು ತಾಳುತ್ತದೆ. ಮೊದಲು ಜಾರಿದ ಕಣ ಯಾವುದು, ಅದನ್ನು ಜಾರಿಸಿದ್ದು ಯಾವುದು ಎಂದು ಕೇಳಿದರೆ ಉತ್ತರವಿಲ್ಲ.

ಈ ಉತ್ತರವಿಲ್ಲದ ಪ್ರಶ್ನೆಯು ಮರಳಿನದು ಮಾತ್ರವಲ್ಲ. ಲಕ್ಷಾಂತರ ಜನರು ಕೂಡಿ ಬಾಳುವ ಊರಿನಲ್ಲಿಯೂ ಅದು ದಿನವೂ ಹುಟ್ಟುತ್ತದೆ. ಕೆರೆಯು ಕೆಟ್ಟಿತು, ಕೆಡಿಸಿದವರಾರು? ಹೊಳೆಯು ಬತ್ತಿತು; ಬತ್ತಿಸಿದವರಾರು? ಪ್ರತಿಯೊಬ್ಬನೂ ತನ್ನ ಪಾಲು ಒಂದು ಕಣದಷ್ಟೆಂದು ಹೇಳುತ್ತಾನೆ. ಹಾಗೆ ಹೇಳುವುದರಲ್ಲಿ ಸುಳ್ಳೂ ಇಲ್ಲ. ಆದರೂ ಕಣಗಳೆಲ್ಲ ಸೇರಿ ಬೆಟ್ಟವಾಗಿರುವುದು ಕಣ್ಣೆದುರಿಗೇ ಇದೆ. ಅನೇಕರು ಕೂಡಿ ಮಾಡಿದ ಕಾರ್ಯದಲ್ಲಿ ಒಬ್ಬೊಬ್ಬನ ಹೊಣೆ ಎಷ್ಟು? ಹಂಚಿದಷ್ಟೂ ಅದು ಕಿರಿದಾಗುತ್ತ ಕೊನೆಗೆ ಇಲ್ಲವಾಗುವುದೆ? ಈ ಪ್ರಶ್ನೆಗೆ ಧರ್ಮಶಾಸ್ತ್ರದ ಕಡೆಯಿಂದ ಉತ್ತರವನ್ನು ಹುಡುಕುವ ವಾಡಿಕೆಯುಂಟು. ರಾಶಿಯ ಕಡೆಯಿಂದಲೇ ಹುಡುಕಿದರೆ ಏನು ದೊರೆಯುವುದೆಂಬುದನ್ನು ಇಲ್ಲಿ ವಿಚಾರಿಸಬಹುದು.

ಮೊದಲು ರಾಶಿಯ ಸ್ವಭಾವವನ್ನು ತಿಳಿಯತಕ್ಕದ್ದು. ಕಾಳು, ಮರಳು, ಉಪ್ಪು, ಹಿಟ್ಟು ಮೊದಲಾದ ಪದಾರ್ಥಗಳು ಘನವೂ ಅಲ್ಲ, ದ್ರವವೂ ಅಲ್ಲ. ಒಂದೊಂದು ಕಣವೂ ಘನವೇ. ಆದರೆ ಸಮೂಹವು ಸಮಯ ಬಂದಾಗ ಹರಿಯುತ್ತದೆ, ಸಮಯ ಬಂದಾಗ ನಿಲ್ಲುತ್ತದೆ. ಹೀಗೆ ನಿಲ್ಲಿಸುವುದು ಕಣಕ್ಕೂ ಕಣಕ್ಕೂ ನಡುವಿನ ಘರ್ಷಣೆ. ಫ್ರಾನ್ಸ್ ದೇಶದ ಇಂಜಿನಿಯರಾದ ಕೂಲಂಬನು ೧೭೭೩ರಲ್ಲಿ ಕೋಟೆಗೋಡೆಗಳ ಹಿಂದಿನ ಮಣ್ಣು ಯಾವಾಗ ಜಾರುತ್ತದೆಂಬುದನ್ನು ಲೆಕ್ಕಹಾಕಿ ಈ ವಿಷಯಕ್ಕೆ ಅಡಿಪಾಯವನ್ನು ಹಾಕಿದನು. ರಾಶಿಯ ಇನ್ನೊಂದು ಗುಣವನ್ನು ಇಂಜಿನಿಯರರಿಗಿಂತ ಮೊದಲೇ ಗೃಹಿಣಿಯರು ಬಲ್ಲರು. ಬಳ್ಳದಲ್ಲಿ ರಾಗಿಯನ್ನು ತುಂಬಿ, ಅಂಚಿನ ಮಟ್ಟಕ್ಕೆ ಸವರಿ, ಎರಡು ಸಲ ನೆಲಕ್ಕೆ ಕುಟ್ಟಿದರೆ ರಾಗಿಯು ತಗ್ಗುತ್ತದೆ. ಮತ್ತೊಂದು ಹಿಡಿಗೆ ಸ್ಥಳವಾಗುತ್ತದೆ. ಕಾಳುಗಳ ನಡುವೆ ಅಷ್ಟು ಬಯಲು ಅಡಗಿತ್ತೆಂದು ಇದರ ಅರ್ಥ. ಒಂದೇ ಗಾತ್ರದ ಗುಂಡುಗಳನ್ನು ಪಾತ್ರೆಯಲ್ಲಿ ಸುರಿದು ಎಷ್ಟು ಅಲುಗಿಸಿದರೂ, ನೂರು ಪಾಲು ಸ್ಥಳದಲ್ಲಿ ಗುಂಡುಗಳು ತುಂಬುವುದು ಸುಮಾರು ೬೪ ಪಾಲು ಮಾತ್ರ, ಮಿಕ್ಕುದೆಲ್ಲ ಬರಿದು. ತುಂಬಿದಂತೆ ಕಾಣುವ ರಾಶಿಯಲ್ಲಿ ಮೂರನೆಯ ಒಂದಂಶಕ್ಕೂ ಹೆಚ್ಚು ಶೂನ್ಯವೇ ಇರುವುದೆಂಬ ಸಂಗತಿಯನ್ನು ವಾಚಕರು ನೆನಪಿನಲ್ಲಿಡಬೇಕು. ಮುಂದೆ ಅದು ಬೇಕಾಗುವುದು.

ಇಂತಹ ರಾಶಿಯನ್ನು ಒಂದು ವಸ್ತುವೆನ್ನಬಹುದೆ? ಈ ಪ್ರಶ್ನೆಯನ್ನು ಭಾರತೀಯ ದಾರ್ಶನಿಕರು ಬಹಳ ಹಿಂದೆಯೇ ಎತ್ತಿದ್ದಾರೆ. ವೈಶೇಷಿಕ ದರ್ಶನದ ಪ್ರವರ್ತಕನಿಗೆ ಕಣಾದನೆಂದು ಹೆಸರು. ಕಣಗಳನ್ನು ಉಣ್ಣುವವನೆಂದು ಅದರ ಅರ್ಥವಾಗುತ್ತದೆ, ಕುಯಿಲಿನ ತರುವಾಯ ಹೊಲದಲ್ಲಿ ಉದುರಿದ ಕಾಳನ್ನು ಆಯ್ದು ಜೀವಿಸುತ್ತಿದ್ದನೆಂದು ಐತಿಹ್ಯವೂ ಇದೆ. ಅವನ ದರ್ಶನಕ್ಕೆ ಸೋದರನಂತಿರುವ ನ್ಯಾಯದರ್ಶನದಲ್ಲಿ ಅವಯವಗಳಿಗಿಂತ ಬೇರೆಯಾದ ಅವಯವಿಯೊಂದು ಉಂಟೆ ಇಲ್ಲವೆ ಎಂಬ ಚರ್ಚೆ ನಡೆದಿದೆ. ಇಲ್ಲವೆನ್ನುವವರು ಸೇನೆಯನ್ನೂ ವನವನ್ನೂ ದೃಷ್ಟಾಂತವಾಗಿ ಕೊಡುತ್ತಾರೆ: ದೂರದಿಂದ ನೋಡಿದರೆ ವನವು ಒಂದಾಗಿ ತೋರುತ್ತದೆ, ಹತ್ತಿರ ಹೋದರೆ ಬೇರೆ ಬೇರೆ ಮರಗಳೇ ಹೊರತು ವನವೆಂಬುದು ಕಾಣದು, ಗಡಿಗೆಯೂ ಹಾಗೆಯೇ. ಇದಕ್ಕೆ ಎದುರಾಗಿ ಸೂತ್ರಕಾರನು ಧಾರಣ ಮತ್ತು ಆಕರ್ಷಣಗಳನ್ನು ಮುಂದಿಡುತ್ತಾನೆ. ಗಡಿಗೆಯ ಕಂಠವನ್ನು ಹಿಡಿದೆತ್ತಿದರೆ ಬುಡವೂ ಬರುವುದು. ರಾಶಿಯಿಂದ ಹಿಡಿಯೆತ್ತಿದರೆ ಹಿಡಿಯಷ್ಟೇ ಬರುವುದು, ಉಳಿದುದು ಅಲ್ಲಿಯೇ ಉಳಿಯುವುದು. ಭಾಷ್ಯಕಾರನಾದ ವಾತ್ಸ್ಯಾಯನನು ಈ ಯುಕ್ತಿಯನ್ನು ಇನ್ನೂ ಸೂಕ್ಷ್ಮವಾಗಿ ಪರೀಕ್ಷಿಸುತ್ತಾನೆ. ಒಂದು ಕಡೆ ಹಿಡಿದರೆ ಎಲ್ಲವೂ ಬರುವುದಕ್ಕೆ ಕಾರಣವು ಸಂಗ್ರಹವೆಂಬ ಗುಣ. ಆ ಸಂಗ್ರಹವು ಸ್ನೇಹದಿಂದಲೂ ದ್ರವತ್ವದಿಂದಲೂ ಉಂಟಾಗುವುದು. ಹಸಿಯ ಗಡಿಗೆಯಲ್ಲಿ ಅದು ನೀರಿನ ಯೋಗದಿಂದ, ಸುಟ್ಟ ಗಡಿಗೆಯಲ್ಲಿ ಬೆಂಕಿಯ ಯೋಗದಿಂದ ಬರುವುದು. ಒಣಧೂಳಿನ ರಾಶಿಯಲ್ಲಿ ಅದು ಇಲ್ಲ. ವೈಶೇಷಿಕರ ಪರಿಭಾಷೆಯಲ್ಲಿ ಸ್ನೇಹವೆಂದರೆ ನೀರಿಗೆ ಸಹಜವಾದ, ಕಣಗಳನ್ನು ಒಂದಕ್ಕೊಂದು ಅಂಟಿಸುವ ಜಿಗುಟು. ಕನ್ನಡದ ಮನೆಮಾತಿನಲ್ಲಿ ಅದೇ ಶಬ್ದಕ್ಕೆ ಇರುವ ಅರ್ಥವನ್ನು ಹೇಳಬೇಕಾದುದಿಲ್ಲ. ಒಂದೇ ಶಬ್ದವು ಮಣ್ಣಿಗೂ ಮನುಷ್ಯನಿಗೂ ಸಲ್ಲುವುದು ಬರಿಯ ಆಕಸ್ಮಿಕವೋ ಎಂಬುದನ್ನು ಕೊನೆಯಲ್ಲಿ ನೋಡಬಹುದು.

ಸ್ನೇಹವಿಲ್ಲದ ಒಣರಾಶಿಯು ತನ್ನ ಭಾರವನ್ನು ಹೇಗೆ ಹೊರುತ್ತದೆ? ನೀರಾದರೆ ಆಳ ಹೆಚ್ಚಿದಂತೆ ತಳದ ಒತ್ತಡವೂ ಹೆಚ್ಚುತ್ತದೆ. ಕಾಳಿನ ಕಣಜದಲ್ಲಿ ಹಾಗಿಲ್ಲ. ೧೮೯೫ರಲ್ಲಿ ಜರ್ಮನಿಯ ಯಾನ್ಸೆನ್ ಎಂಬ ಇಂಜಿನಿಯರನು ಎತ್ತರವಾದ ಕಣಜಗಳಲ್ಲಿ ಧಾನ್ಯದ ಒತ್ತಡವನ್ನು ಅಳೆದು ಒಂದು ವಿಚಿತ್ರವನ್ನು ಪ್ರಕಟಿಸಿದನು. ಒಂದು ಮಟ್ಟದ ಆಚೆಗೆ ಎಷ್ಟು ಕಾಳನ್ನು ತುಂಬಿದರೂ ತಳದ ಮೇಲಿನ ಒತ್ತಡವು ಏರುವುದಿಲ್ಲ. ಹೆಚ್ಚಿದ ತೂಕವು ಎಲ್ಲಿಗೆ ಹೋಯಿತು? ಕಾಳುಗಳು ಒಂದನ್ನೊಂದು ಪಕ್ಕಕ್ಕೆ ಒತ್ತುತ್ತ, ಘರ್ಷಣೆಯ ಮೂಲಕ ತೂಕವನ್ನು ಗೋಡೆಗಳಿಗೆ ದಾಟಿಸಿರುತ್ತವೆ. ಬೆಂಗಳೂರು, ಕೋಲಾರ ಸೀಮೆಗಳಲ್ಲಿ ರಾಗಿಯನ್ನು ತುಂಬಿಡುತ್ತಿದ್ದ ಹಗೇವುಗಳಲ್ಲಿ ಈ ಹೊರೆಯನ್ನು ಭೂಮಿಯೇ ತಾಳಿಕೊಳ್ಳುತ್ತಿದ್ದುದರಿಂದ ಯಾರೂ ಗಮನಿಸಲಿಲ್ಲ. ನೆಲದ ಮೇಲೆ ತಗಡಿನ ಕಣಜಗಳನ್ನು ಕಟ್ಟತೊಡಗಿದ ಮೇಲೆ, ತಳವು ಗಟ್ಟಿಯಾಗಿದ್ದರೂ ಗೋಡೆಯು ಮಡಿಚಿ ಬೀಳಬಹುದೆಂಬುದು ತಿಳಿದುಬಂತು. ೧೯೫೭ರಲ್ಲಿ ಫ್ರಾನ್ಸಿನ ದಾಂತು ಎಂಬಾತನು, ಒತ್ತಡ ಬಿದ್ದಲ್ಲಿ ವಿಶೇಷ ಬೆಳಕಿನಲ್ಲಿ ಹೊಳೆಯುವ ಪಾರದರ್ಶಕ ತುಣುಕುಗಳನ್ನು ರಾಶಿಮಾಡಿ ಒತ್ತಿ ನೋಡಿದನು. ರಾಶಿಯೆಲ್ಲವೂ ಸಮನಾಗಿ ಹೊಳೆಯಲಿಲ್ಲ. ಮಿಂಚಿನ ಕವಲುಗಳಂತೆ ಕೆಲವು ಸಾಲುಗಳು ಮಾತ್ರ ಬೆಳಗಿದುವು. ಅವುಗಳ ಪಕ್ಕದಲ್ಲಿಯೇ ಇದ್ದ ಅನೇಕ ತುಣುಕುಗಳು ಕತ್ತಲಲ್ಲಿ ಉಳಿದುವು. ಭಾರದ ಹೆಚ್ಚಿನ ಪಾಲನ್ನು ಕೆಲವೇ ಕಣಗಳ ಸರಪಣಿಗಳು ಹೊರುತ್ತವೆ. ಉಳಿದವು ಅವುಗಳ ಆಸರೆಯಲ್ಲಿ ಹಗುರಾಗಿ ಕುಳಿತಿರುತ್ತವೆ. ಹೊರಗಿನಿಂದ ನೋಡುವವನಿಗೆ ಎಲ್ಲ ಕಣಗಳೂ ಒಂದೇ.

ಇದನ್ನು ತಿಳಿದ ಮೇಲೆ ವೈಟ್‌ಫೀಲ್ಡಿನ ಮುಂಜಾವನ್ನು ನೋಡತಕ್ಕದ್ದು. ಬೆಳಗಿನ ಐದೂವರೆಗೆ ಪೌರಕಾರ್ಮಿಕರು ಬೀದಿಯನ್ನು ಗುಡಿಸುತ್ತಿರುತ್ತಾರೆ. ರಾಯಚೂರು, ಯಾದಗಿರಿ, ಕಲಬುರಗಿಗಳಿಂದ ಬಂದ ಕೂಲಿಯವರು ತಗಡಿನ ಶೆಡ್ಡುಗಳಿಂದ ಹೊರಟು, ತಾವು ಎಂದೂ ವಾಸಿಸಲಾರದ ಮಹಡಿಗಳಿಗೆ ಮರಳನ್ನು ಹೊರುತ್ತಾರೆ. ಮನೆಗೆಲಸದ ಹೆಂಗಸರು ತಮ್ಮ ಮಕ್ಕಳಿಗೆ ಗಂಜಿಯಿಟ್ಟು, ಇತರರ ಮಕ್ಕಳಿಗೆ ಉಪಾಹಾರವನ್ನು ಸಿದ್ಧಪಡಿಸಲು ಅವಸರದಿಂದ ನಡೆಯುತ್ತಾರೆ. ಎಂಟು ಗಂಟೆಯ ವೇಳೆಗೆ ಊರೆಲ್ಲವೂ ಎದ್ದು ಬೀದಿಗೆ ಬಂದಾಗ, ಎಲ್ಲರೂ ಒಂದೇ ನೂಕುನುಗ್ಗಲಿನ ಕಣಗಳಾಗಿ ತೋರುತ್ತಾರೆ. ಪ್ರತಿಯೊಬ್ಬನೂ ತನ್ನ ಮೇಲೆಯೇ ಊರಿನ ಭಾರವೆಲ್ಲ ಬಿದ್ದಿದೆಯೆಂದು ನಿಟ್ಟುಸಿರಿಡುತ್ತಾನೆ. ಯಾವ ಸಾಲು ನಿಜವಾಗಿ ಭಾರವನ್ನು ಹೊತ್ತಿದೆ, ಯಾವುದು ಅದರ ನೆರಳಿನಲ್ಲಿ ಹಗುರಾಗಿ ನಿಂತಿದೆಯೆಂಬುದು ಬರಿಗಣ್ಣಿಗೆ ಕಾಣುವುದಿಲ್ಲ. ದಾಂತುವಿನ ಪ್ರಯೋಗದಲ್ಲಿದ್ದಂತೆ ಇಲ್ಲಿಯೂ ಬೇರೊಂದು ಬೆಳಕು ಬೇಕು. ಆ ಬೆಳಕಿಗೆ ವಿಚಾರವೆಂದೋ ಅನುಕಂಪವೆಂದೋ ಹೆಸರಿಡಬಹುದು. ಹೊಣೆಯನ್ನು ತಲೆಯೆಣಿಸಿ ಸಮನಾಗಿ ಹಂಚಬಹುದೆಂಬ ಲೆಕ್ಕವು ಇಲ್ಲಿಯೇ ಮುರಿಯುತ್ತದೆ. ಏಕೆಂದರೆ ಹೊರೆಯು ಸಮನಾಗಿ ಹಂಚಿಲ್ಲ.

ರಾಶಿಯ ಹೊರೆಯು ಹೇಗೆ ಹಂಚಿಹೋಗುವುದೆಂಬುದು ಅದನ್ನು ಸುರಿದ ಬಗೆಯನ್ನೂ ಅವಲಂಬಿಸಿದೆ. ಶಂಕುವಿನಾಕಾರದ ಮರಳರಾಶಿಯಲ್ಲಿ ಅತ್ಯಂತ ಹೆಚ್ಚಿನ ಒತ್ತಡವು ಶಿಖರದ ನೇರ ಕೆಳಗೆ ಇರಬೇಕೆಂದು ಯಾರೂ ಊಹಿಸುತ್ತಾರೆ. ೧೯೮೧ರಲ್ಲಿ ಸ್ಮಿದ್ ಮತ್ತು ನೊವೊಸಾದ್ ಎಂಬ ಚೆಕ್ ವಿಜ್ಞಾನಿಗಳು ಅಳೆದಾಗ, ಒಂದೇ ಬಿಂದುವಿನಿಂದ ಸುರಿದ ರಾಶಿಯಲ್ಲಿ ಶಿಖರದ ಕೆಳಗೆ ಒತ್ತಡವು ತಗ್ಗಿಯೂ ಅದರ ಸುತ್ತ ಒಂದು ಬಳೆಯಂತೆ ಹೆಚ್ಚಿಯೂ ಇತ್ತು. ಅದೇ ಮರಳನ್ನು ಮಳೆಯಂತೆ ಎಲ್ಲೆಡೆಯೂ ಸಮನಾಗಿ ಉದುರಿಸಿ ರಾಶಿಮಾಡಿದರೆ ಈ ತಗ್ಗು ಕಾಣಬರುವುದಿಲ್ಲವೆಂದು ಮುಂದಿನ ಪ್ರಯೋಗಗಳಿಂದ ತಿಳಿಯಿತು. ಎರಡು ರಾಶಿಗಳ ಆಕಾರ ಒಂದೇ, ಮರಳು ಒಂದೇ. ಹುಟ್ಟಿದ ರೀತಿ ಮಾತ್ರ ಬೇರೆ. ರಾಶಿಗೆ ನೆನಪುಂಟೆಂದು ಹೇಳಿದರೆ ತಪ್ಪಾಗದು.

ಊರಿಗೂ ಇಂತಹ ನೆನಪುಂಟು. ೧೮೮೨ರಲ್ಲಿ ಮೈಸೂರಿನ ಮಹಾರಾಜರಾದ ಚಾಮರಾಜೇಂದ್ರ ಒಡೆಯರು ಯುರೇಷಿಯನ್ ಮತ್ತು ಆಂಗ್ಲೋ-ಇಂಡಿಯನ್ ಜನರ ಸಂಘಕ್ಕೆ ಬೇಸಾಯದ ನೆಲೆಗಾಗಿ ಸುಮಾರು ೩,೯೦೦ ಎಕರೆ ಭೂಮಿಯನ್ನು ಕೊಟ್ಟರು. ಸಂಘದ ಮುಖಂಡನಾದ ಡೇವಿಡ್ ವೈಟನ ಹೆಸರಿನಿಂದ ಊರು ವೈಟ್‌ಫೀಲ್ಡ್ ಆಯಿತು. ಅಂದಿನ ಆ ಸಣ್ಣ ನೆಲೆಯನ್ನು ವೃತ್ತಾಕಾರದಲ್ಲಿ ರಚಿಸಿದ್ದರು. ಒಳವೃತ್ತ, ಹೊರವೃತ್ತಗಳೆಂಬ ಹೆಸರುಗಳು ಇಂದಿಗೂ ಉಳಿದಿವೆ. ನಿಧಾನವಾಗಿ, ಮನೆಯ ಪಕ್ಕಕ್ಕೆ ಮನೆಯಾಗಿ ಕೂಡಿದ ಊರು ಅದು. ೧೯೯೦ರ ದಶಕದಲ್ಲಿ ಪಟ್ಟಂದೂರು ಅಗ್ರಹಾರದ ಬಳಿ ತಂತ್ರಜ್ಞಾನದ ಉದ್ಯಾನವು ಎದ್ದ ತರುವಾಯ ಜನವೂ ಧನವೂ ಒಂದೇ ಬಿಂದುವಿನಿಂದ ಸುರಿಯತೊಡಗಿದುವು. ೨೦೨೩ರ ಮಾರ್ಚ್ ತಿಂಗಳಲ್ಲಿ ಮೆಟ್ರೋ ರೈಲು ಕಾಡುಗೋಡಿಯವರೆಗೆ ಬಂದಿತು. ಶಿಖರವು ಎತ್ತರವಾಯಿತು, ಸಂದೇಹವಿಲ್ಲ. ಆದರೆ ಹಗದೂರು, ನಲ್ಲೂರಹಳ್ಳಿ, ಇಮ್ಮಡಿಹಳ್ಳಿಗಳಂತಹ ಸುತ್ತಣ ಹಳ್ಳಿಗಳ ಬಳೆಯ ಮೇಲೆ, ಅವುಗಳ ಕಿರಿದಾರಿಗಳ ಮೇಲೆ, ಕೆರೆಕಾಲುವೆಗಳ ಮೇಲೆ ಬಿದ್ದ ಒತ್ತಡವನ್ನು ಶಿಖರದಲ್ಲಿರುವವರು ಅರಿಯುವುದು ಕಷ್ಟ. ಅವರು ನಿಷ್ಕರುಣಿಗಳೆಂದು ಇದರ ತಾತ್ಪರ್ಯವಲ್ಲ. ಅವರ ಕಾಲಕೆಳಗೆ ಒತ್ತಡವೇ ತಗ್ಗಿರುವುದರಿಂದ, ಅದರ ಅರಿವು ತಾನಾಗಿ ಅವರಿಗೆ ಬರಲಾರದು. ಹುಡುಕಿಕೊಂಡು ಹೋದರೆ ಬಂದೀತು.

ಇನ್ನು ರಾಶಿಯು ಜಾರುವ ಸಂಗತಿ. ೧೯೮೭ರಲ್ಲಿ ಬಾಕ್, ಟಾಂಗ್, ವೀಸೆನ್‌ಫೆಲ್ಡ್ ಎಂಬ ಮೂವರು ಭೌತವಿಜ್ಞಾನಿಗಳು ಗಣಿತದ ಒಂದು ರಾಶಿಯನ್ನು ಕಲ್ಪಿಸಿ, ಒಂದೊಂದೇ ಕಣವನ್ನು ಸೇರಿಸುತ್ತ ಹೋದರೆ ಏನಾಗುವುದೆಂದು ಲೆಕ್ಕಮಾಡಿದರು. ರಾಶಿಯು ತನ್ನಷ್ಟಕ್ಕೆ ತಾನೇ ಒಂದು ಅಂಚಿನ ಸ್ಥಿತಿಗೆ ಬಂದು ನಿಲ್ಲುತ್ತದೆ. ಆಮೇಲೆ ಬೀಳುವ ಪ್ರತಿಯೊಂದು ಕಣವೂ ಏನನ್ನೂ ಮಾಡದಿರಬಹುದು, ಎರಡು ಕಣಗಳನ್ನು ಉರುಳಿಸಬಹುದು, ಇಡಿಯ ಮಗ್ಗುಲನ್ನೇ ಕುಸಿಯಿಸಲೂಬಹುದು. ನಿಜವಾದ ಮರಳು ಈ ಲೆಕ್ಕವನ್ನು ಪೂರ್ತಿಯಾಗಿ ಅನುಸರಿಸದಿದ್ದರೂ, ೧೯೯೬ರಲ್ಲಿ ನಾರ್ವೆಯ ಓಸ್ಲೋ ನಗರದಲ್ಲಿ ಉದ್ದಕಾಳಿನ ಅಕ್ಕಿಯ ರಾಶಿಯು ಹಾಗೆಯೇ ವರ್ತಿಸಿದುದು ಕಂಡುಬಂತು. ಇದರಲ್ಲಿ ಗಮನಿಸತಕ್ಕ ಅಂಶವೊಂದಿದೆ. ಕುಸಿತವನ್ನು ತಂದ ಕೊನೆಯ ಕಾಳಿಗೂ, ಏನನ್ನೂ ಮಾಡದ ಹಿಂದಿನ ಕಾಳಿಗೂ ತೂಕದಲ್ಲಾಗಲಿ ವೇಗದಲ್ಲಾಗಲಿ ಯಾವ ವ್ಯತ್ಯಾಸವೂ ಇಲ್ಲ. ಅದು ಬಿದ್ದ ಹೊತ್ತಿಗೆ ರಾಶಿಯು ಸಿದ್ಧವಾಗಿತ್ತು. ಸಿದ್ಧಪಡಿಸಿದವು ಹಿಂದಿನ ಕಾಳುಗಳೆಲ್ಲ.

ಲೋಕವಾದರೋ ಕೊನೆಯ ಕಾಳನ್ನು ಹಿಡಿದು ದಂಡಿಸಲು ಆತುರಪಡುತ್ತದೆ. ಈ ಸ್ವಭಾವಕ್ಕೆ ಕನ್ನಡನಾಡಿನ ಹಳೆಯ ನಿದರ್ಶನವು ಕಾವೇರಿಯ ತೀರದ ತಲಕಾಡು. ಅಲ್ಲಿಯ ದೇವಾಲಯಗಳು ಮರಳಿನಲ್ಲಿ ಹೂತುಹೋದುದಕ್ಕೆ, ರಾಜ ಒಡೆಯರ ಕಾಲದಲ್ಲಿ ಅಲಮೇಲಮ್ಮನು ಕೊಟ್ಟ ಶಾಪವೇ ಕಾರಣವೆಂದು ಜನರು ನಂಬಿಕೊಂಡು ಬಂದಿದ್ದಾರೆ. ಹೊಳೆಯ ಪಾತ್ರದಲ್ಲಿ ಬಯಲಾದ ಮರಳನ್ನು ಗಾಳಿಯು ವರ್ಷವರ್ಷವೂ ಕಣಕಣವಾಗಿ ದಡಕ್ಕೆ ತಂದಿತೆಂಬ ವಿವರಣೆಯು ಮನಸ್ಸಿಗೆ ಅಷ್ಟು ತೃಪ್ತಿಯನ್ನು ಕೊಡುವುದಿಲ್ಲ; ಏಕೆಂದರೆ ಅದರಲ್ಲಿ ಬೆರಳುಮಾಡಿ ತೋರಿಸತಕ್ಕ ವ್ಯಕ್ತಿಯಿಲ್ಲ. ಒಂದು ಶಾಪಕ್ಕೆ ಅಂಜುವುದು ಸುಲಭ. ಎಣಿಸಲಾಗದ ಕಣಗಳಿಗೆ ಅಂಜುವುದನ್ನು ಮನುಷ್ಯನು ಇನ್ನೂ ಕಲಿಯಬೇಕಾಗಿದೆ.

ತಲಕಾಡಿಗೆ ಗಾಳಿಯು ಮರಳನ್ನು ತಂದಿತು. ವೈಟ್‌ಫೀಲ್ಡಿಗೆ ಅದನ್ನು ತಂದುದು ಲಾರಿ. ಬೆಂಗಳೂರಿನ ಕಟ್ಟಡಗಳಿಗಾಗಿ ಅನೇಕ ವರ್ಷಗಳ ಕಾಲ ಹೊಳೆಗಳ ಒಡಲಿನಿಂದ ಮರಳನ್ನು ಬಗೆದು ಸಾಗಿಸಿದರು. ಹೊಳೆಯ ಮರಳು ಬರಿಯ ಕಸವಲ್ಲ. ಹಿಂದೆ ಹೇಳಿದ, ಕಣಗಳ ನಡುವಣ ಆ ಬಯಲಿನಲ್ಲಿಯೇ ಹೊಳೆಯು ಬೇಸಗೆಗೆ ನೀರನ್ನು ಬಚ್ಚಿಟ್ಟುಕೊಳ್ಳುತ್ತದೆ. ತುಮಕೂರು ಜಿಲ್ಲೆಯ ಮಧುಗಿರಿ, ಪಾವಗಡದ ಕಡೆಗಳಲ್ಲಿ ಇಂತಹ ಮರಳಿನಿಂದ ಒಸರುವ ನೀರನ್ನು ಕಾಲುವೆಗೆ ತಿರುಗಿಸಿ ಬೆಳೆ ತೆಗೆಯುತ್ತಿದ್ದ ತಲಪರಿಗೆಗಳು ಪ್ರಸಿದ್ಧವಾಗಿದ್ದುವು. ಮರಳು ಹೋದರೆ ನೀರಿನ ಉಗ್ರಾಣವೇ ಹೋದಂತೆ. ಹೀಗಿದ್ದರೂ, ಒಂದು ಲಾರಿಯ ಮರಳಿನಿಂದ ಹೊಳೆಯು ಬತ್ತಿತೆಂದು ಯಾರೂ ತೋರಿಸಲಾರರು. ೨೦೦೬ರ ಕೇಂದ್ರಸರ್ಕಾರದ ನಿಯಮವೂ ೫ ಹೆಕ್ಟೇರಿಗಿಂತ ಕಿರಿದಾದ ಗಣಿಗುತ್ತಿಗೆಗಳಿಗೆ ಪರಿಸರದ ಅನುಮತಿ ಬೇಡವೆಂದು ಬಿಟ್ಟಿತ್ತು. ಆಗ ನಡೆದುದೇನೆಂದರೆ, ದೊಡ್ಡ ಗುತ್ತಿಗೆಗಳನ್ನು ತುಂಡುಮಾಡಿ ಪ್ರತಿಯೊಂದನ್ನೂ ಆ ಮಿತಿಯೊಳಕ್ಕೆ ತಂದರು. ಒಂದೊಂದು ತುಂಡೂ ನಿರಪರಾಧಿ. ಹೊಳೆ ಮಾತ್ರ ಬರಿದು. ೨೦೧೨ರ ಫೆಬ್ರವರಿ ೨೭ರಂದು ಸರ್ವೋಚ್ಚ ನ್ಯಾಯಾಲಯವು ಹರಿಯಾಣದಿಂದ ಬಂದ ಮೊಕದ್ದಮೆಯೊಂದರಲ್ಲಿ ಈ ವಂಚನೆಯನ್ನು ಗುರುತಿಸಿ, ಎಲ್ಲ ತುಂಡುಗಳ ಒಟ್ಟು ಪರಿಣಾಮವನ್ನೇ ನೋಡಬೇಕಾಗುವುದೆಂದೂ, ಕಿರಿಯ ಗುತ್ತಿಗೆಗಳಿಗೂ ಅನುಮತಿಯು ಅವಶ್ಯಕವೆಂದೂ ವಿಧಿಸಿತು. ಈಗ ಕಲ್ಲನ್ನು ಯಂತ್ರದಲ್ಲಿ ಪುಡಿಮಾಡಿದ ಎಂ-ಸ್ಯಾಂಡ್ ಎಂಬ ಮರಳು ಹೊಳೆಮರಳಿನ ಸ್ಥಾನಕ್ಕೆ ಬಂದಿದೆ. ಹೊಳೆಗೆ ಅದರಿಂದ ಉಸಿರಾಡಲು ಬಿಡುವು ದೊರೆತಿರಬಹುದು; ಲೆಕ್ಕವು ಬೆಟ್ಟಗಳ ಹೆಸರಿಗೆ ವರ್ಗವಾಗಿದೆ.

ಇದೇ ನ್ಯಾಯವು ಮನೆಯ ಬಚ್ಚಲಿಗೂ ಸಲ್ಲುತ್ತದೆ. ೨೦೧೫ರಿಂದ ಮುಂದೆ ಕೆಲವು ವರ್ಷ ವರ್ತೂರು ಕೆರೆಯ ಕೋಡಿಯಲ್ಲಿ ಬಿಳಿಯ ನೊರೆಯು ಆಳೆತ್ತರಕ್ಕೆ ಎದ್ದು, ಗಾಳಿಗೆ ಹಾರಿ ದಾರಿಹೋಕರ ಮೇಲೆ ಬೀಳುತ್ತಿತ್ತು. ಬೆಳ್ಳಂದೂರಿನಿಂದ ವರ್ತೂರಿಗೆ, ಅಲ್ಲಿಂದ ದಕ್ಷಿಣ ಪಿನಾಕಿನಿಗೆ ಹರಿಯುವ ಆ ನೀರಿನಲ್ಲಿ ಊರಿನ ಕೊಳೆನೀರೂ ಬಟ್ಟೆಯೊಗೆಯುವ ಪುಡಿಯೂ ಸೇರಿದ್ದುವು. ಒಂದು ಮನೆಯ ಒಂದು ಹಿಡಿ ಪುಡಿಯಿಂದ ಕೆರೆಯು ನೊರೆಗಟ್ಟದು. ‘ಹನಿ ಹನಿ ಕೂಡಿದರೆ ಹಳ್ಳ, ತೆನೆ ತೆನೆ ಕೂಡಿದರೆ ಬಳ್ಳ’ ಎಂಬ ಗಾದೆಯನ್ನು ಹಿರಿಯರು ಉಳಿತಾಯವನ್ನು ಕಲಿಸಲು ಹೇಳಿಕೊಟ್ಟರು. ಕೂಡುವ ನಿಯಮಕ್ಕೆ ಒಳಿತು ಕೆಡುಕೆಂಬ ಭೇದವಿಲ್ಲವೆಂಬುದನ್ನು ಆ ಕೆರೆಯು ತೋರಿಸಿಕೊಟ್ಟಿತು.

ಆದರೂ ಆಕ್ಷೇಪವು ಉಳಿದೇ ಇದೆ. ಕ್ರಿಸ್ತಪೂರ್ವ ನಾಲ್ಕನೆಯ ಶತಮಾನದಲ್ಲಿ ಗ್ರೀಸಿನ ಯೂಬುಲಿಡೀಸ್ ಎಂಬ ತಾರ್ಕಿಕನ ಹೆಸರಿನಲ್ಲಿ ಪ್ರಸಿದ್ಧವಾದ ಒಗಟೊಂದುಂಟು. ಒಂದು ಕಾಳು ರಾಶಿಯಲ್ಲ. ರಾಶಿಯಲ್ಲದುದಕ್ಕೆ ಒಂದು ಕಾಳನ್ನು ಸೇರಿಸಿದ ಮಾತ್ರಕ್ಕೆ ಅದು ರಾಶಿಯಾಗದು. ಹಾಗಿದ್ದರೆ ರಾಶಿಯು ಎಂದೂ ಆಗಲಾರದು. ಮನುಷ್ಯನು ತನ್ನ ಮನಸ್ಸಾಕ್ಷಿಯೊಡನೆ ವಾದಿಸುವುದು ಈ ಕ್ರಮದಲ್ಲಿಯೇ: ತಾನೊಬ್ಬನು ಬಿಟ್ಟರೆ ಕೆರೆಯು ಶುದ್ಧವಾಗದು, ತಾನೊಬ್ಬನು ಹಾಕಿದರೆ ಹೆಚ್ಚು ಕೆಡದು, ಆದುದರಿಂದ ತನಗೆ ಹೊಣೆಯಿಲ್ಲ. ಕರ್ಮಸಿದ್ಧಾಂತವನ್ನು ನಂಬಿದವನು ಕೂಡ, ಮಾಡಿದವನಿಗೆ ಮಾಡಿದಷ್ಟು ಎಂದು ಹೇಳಿ, ತನ್ನ ಪಾಲನ್ನು ಕೋಟಿಯಲ್ಲಿ ಒಂದೆಂದು ಭಾಗಿಸಿ ನಿಶ್ಚಿಂತನಾಗಬಹುದು.

ಈ ವಾದದ ಹುಳುಕು ಎಲ್ಲಿದೆಯೆಂಬುದನ್ನು ರಾಶಿಯೇ ತೋರಿಸುತ್ತದೆ. ವಾದಿಯು ಕಣವನ್ನು ನೇರವಾಗಿ ರಾಶಿಯೊಡನೆ ತೂಗಿ ನೋಡುತ್ತಾನೆ. ಹಾಗೆ ತೂಗಿದರೆ ಕಣವು ಶೂನ್ಯವೇ ಸರಿ. ಆದರೆ ರಾಶಿಯೊಳಗೆ ಯಾವ ಕಣವೂ ರಾಶಿಯನ್ನು ಮುಟ್ಟುವುದಿಲ್ಲ. ತನ್ನ ನೆರೆಯ ಕಣಗಳನ್ನು ಮಾತ್ರ ಮುಟ್ಟುತ್ತದೆ. ಅವು ಎಷ್ಟು? ಎಣಿಸಿದ ವಿಜ್ಞಾನಿಗಳ ಲೆಕ್ಕದಂತೆ, ನಿಂತ ರಾಶಿಯ ದುಂಡುಕಣವೊಂದಕ್ಕೆ ಸರಾಸರಿ ನಾಲ್ಕರಿಂದ ಆರು. ಕನ್ನಡಿಗರು ‘ನಾಲ್ಕಾರು’ ಎಂದು ಆಡುವ ಮಾತು ಇಲ್ಲಿ ಅಕ್ಷರಶಃ ಸತ್ಯ. ಆ ನಾಲ್ಕಾರು ಸ್ಪರ್ಶಗಳ ಮೂಲಕವೇ ರಾಶಿಯ ಭಾರವೆಲ್ಲ ಸಾಗುತ್ತದೆ; ಬೇರೆ ದಾರಿಯಿಲ್ಲ. ರಾಶಿಯ ದೃಷ್ಟಿಯಲ್ಲಿ ಕಣವು ಏನೂ ಅಲ್ಲದಿರಬಹುದು. ಅದರ ಮೇಲೆ ಒರಗಿರುವ ಕಣಕ್ಕೆ ಅದೇ ನೆಲ. ಊರಿನಲ್ಲಿಯೂ ಹಾಗೆಯೇ. ಲಕ್ಷ ಜನರ ನೋವಿಗೆ ಎದುರಾಗಿ ಒಬ್ಬನು ಅಲ್ಪನೆಂಬುದು ನಿಜ. ತನ್ನ ಮನೆಗೆಲಸದವಳ ಸಂಬಳ, ತನ್ನ ಗೋಡೆಯಾಚೆಯ ನೆರೆಯವನ ನಿದ್ರೆ, ತನ್ನ ಬಚ್ಚಲು ಸೇರುವ ಚರಂಡಿ, ತನ್ನ ಮನೆಗೆ ಬಂದ ಮರಳಿನ ರಶೀತಿ - ಇವುಗಳಿಗೆ ಎದುರಾಗಿ ಅವನು ಅಲ್ಪನಲ್ಲ. ಅಲ್ಲಿ ಅವನ ನಡತೆಯಿಂದ ಬರುವ ವ್ಯತ್ಯಾಸವನ್ನು ಕೈಯಿಂದ ಮುಟ್ಟಿ ನೋಡಬಹುದು. ಹೊಣೆಯು ರಾಶಿಯ ಗಾತ್ರದಿಂದ ಭಾಗವಾಗುವ ಸಂಖ್ಯೆಯಲ್ಲ. ಅದು ಸ್ಪರ್ಶದಲ್ಲಿ ಹುಟ್ಟುವ ಸಂಬಂಧ. ಆದುದರಿಂದಲೇ ಎಷ್ಟು ಜನ ಹೆಚ್ಚಿದರೂ ಅದು ಕಿರಿದಾಗುವುದಿಲ್ಲ.

ಮರಳಿಗೂ ಮನುಷ್ಯನಿಗೂ ಭೇದವಿಲ್ಲವೆ ಎಂದು ವಾಚಕರು ಕೇಳಬಹುದು. ಭೇದವುಂಟು, ಅದು ದೊಡ್ಡದು. ಕಣವು ತನ್ನ ನೆರೆಯನ್ನು ಆರಿಸಿಕೊಳ್ಳಲಾರದು, ತನ್ನ ಹೊರೆಯನ್ನು ಅರಿಯಲಾರದು. ಮನುಷ್ಯನು ಅರಿಯಬಲ್ಲನು, ಅರಿತ ಮೇಲೆ ತನ್ನ ಭುಜವನ್ನು ಸ್ವಲ್ಪ ಸರಿಸಿ, ಪಕ್ಕದವನ ಭಾರವನ್ನು ಹಂಚಿಕೊಳ್ಳಬಲ್ಲನು. ಇಲ್ಲಿ ವಾತ್ಸ್ಯಾಯನನ ಸ್ನೇಹವು ಮತ್ತೆ ನೆನಪಿಗೆ ಬರುತ್ತದೆ. ಒಣಮರಳಿಗೆ ಅತ್ಯಲ್ಪ ನೀರನ್ನು ಬೆರಸಿದರೆ, ಕಣಕ್ಕೂ ಕಣಕ್ಕೂ ನಡುವೆ ಸಣ್ಣ ಸಣ್ಣ ನೀರಿನ ಸೇತುವೆಗಳು ಏರ್ಪಟ್ಟು, ಒಂದನ್ನೊಂದು ಸೆಳೆದು ಹಿಡಿಯುತ್ತವೆ. ಮೂವತ್ತೈದು ಡಿಗ್ರಿಗಿಂತ ಹೆಚ್ಚಾಗಿ ನಿಲ್ಲಲಾರದ ಮರಳು ಆಗ ನೆಟ್ಟನೆಯ ಗೋಡೆಯಂತೆ ನಿಲ್ಲುತ್ತದೆ. ಮಕ್ಕಳು ಅದರಲ್ಲಿ ಗುಡಿ ಗೋಪುರಗಳನ್ನು ಕಟ್ಟುತ್ತಾರೆ. ಕಣಗಳು ಕರಗಲಿಲ್ಲ, ತಮ್ಮ ತನವನ್ನು ಬಿಡಲಿಲ್ಲ. ಮುಟ್ಟಿದ ಸ್ಥಳದಲ್ಲಿ ಮಾತ್ರ ಕೊಂಚ ತೇವವಾದುವು. ನೀರು ಮಿತಿಮೀರಿದರೆ ಸೇತುವೆಗಳೆಲ್ಲ ಮುಳುಗಿ, ಮರಳು ಕೆಸರಾಗಿ ಹರಿದುಹೋಗುವುದು. ಜನಸಮೂಹದ ಆವೇಶವೆಂಬ ಪ್ರವಾಹದಲ್ಲಿ ನಡೆಯುವುದೂ ಇದೇ. ಅಲ್ಲಿ ಪ್ರತಿಯೊಬ್ಬನೂ ತೇಲುತ್ತಾನೆ, ಯಾರೂ ಯಾರನ್ನೂ ಹಿಡಿದಿರುವುದಿಲ್ಲ.

ಸ್ನೇಹಕ್ಕೂ ಒಂದು ದೋಷವಿದೆಯೆಂಬುದನ್ನು ಮರಳಿನ ವ್ಯಾಪಾರಿಗಳು ಬಲ್ಲರು. ನೂರಕ್ಕೆ ನಾಲ್ಕೈದು ಪಾಲು ತೇವವಿರುವ ಮರಳು ಒಣಮರಳಿಗಿಂತ ಕಾಲುಪಾಲು ಹೆಚ್ಚು ಸ್ಥಳವನ್ನು ಆಕ್ರಮಿಸುತ್ತದೆ. ಹತ್ತಿರದ ಕಣಗಳು ಅಂಟಿಕೊಂಡು ಗಂಟುಗಟ್ಟುವುದರಿಂದ ಗಂಟುಗಳ ನಡುವೆ ಬಯಲು ಬೆಳೆಯುತ್ತದೆ. ಗಾತ್ರದ ಲೆಕ್ಕದಲ್ಲಿ ಕೊಳ್ಳುವವನು ಬಯಲಿಗೂ ಹಣ ಕೊಡುತ್ತಾನೆ. ಇಂದಿನ ವೈಟ್‌ಫೀಲ್ಡಿನಲ್ಲಿ ಇಂತಹ ಗಂಟುಗಳಿಗೆ ಕೊರತೆಯಿಲ್ಲ. ಎತ್ತರವಾದ ಆವರಣಗೋಡೆ, ಹೆಬ್ಬಾಗಿಲು, ಕಾವಲುಗಾರ; ಒಳಗೆ ಹಬ್ಬಹರಿದಿನಗಳ ಸಂತೋಷ, ಪರಸ್ಪರ ಉಪಕಾರ, ನಿಜವಾದ ಸ್ನೇಹ. ಗೋಡೆಯ ಹೊರಗೆ ಯಾರದೂ ಅಲ್ಲದ ಬೀದಿ, ಯಾರದೂ ಅಲ್ಲದ ಚರಂಡಿ, ಯಾರದೂ ಅಲ್ಲದ ಕೆರೆ. ಜಾತಿಯ ಗಂಟು, ಭಾಷೆಯ ಗಂಟು, ವೃತ್ತಿಯ ಗಂಟು ಇವುಗಳ ಗತಿಯೂ ಇದಕ್ಕಿಂತ ಬೇರೆಯಲ್ಲ. ಊರು ಹಿಗ್ಗಿದಂತೆ ತೋರುವುದು. ಹಿಗ್ಗಿರುವುದು ನಡುವಣ ಬಯಲು. ಆದುದರಿಂದ ಸ್ನೇಹವು ತನ್ನ ಗಂಟಿನ ಒಳಗೆ ಎಷ್ಟಿದೆಯೆಂದು ಅಳೆದರೆ ಸಾಲದು. ಗಂಟಿನ ಹೊರಮೈಯಲ್ಲಿ, ಬೇರೆ ಗಂಟಿಗೆ ತಾಗುವ ಕಡೆಯಲ್ಲಿ, ಎಷ್ಟಿದೆಯೆಂದು ಅಳೆಯತಕ್ಕದ್ದು.

ಕೊನೆಯದಾಗಿ ಬೆಂಕಿಯ ಮಾತು. ಹಸಿಯ ಗಡಿಗೆಯನ್ನು ನೀರು ಹಿಡಿದಿರುತ್ತದೆ, ಸುಟ್ಟ ಗಡಿಗೆಯನ್ನು ಬೆಂಕಿ ಹಿಡಿದಿರುತ್ತದೆಂದು ಭಾಷ್ಯಕಾರನು ಹೇಳಿದುದು ಸರಿಯಷ್ಟೆ. ಸಮಾಜದಲ್ಲಿ ಬೆಂಕಿಯ ಕೆಲಸವನ್ನು ಮಾಡುವುದು ಕಾನೂನು. ಮರಳಿನ ಗುತ್ತಿಗೆಯ ತುಂಡುಗಳನ್ನು ಕೂಡಿಸಿ ನೋಡಿದ ಆ ತೀರ್ಪಿನಂತಹ ಕಾಠಿಣ್ಯವು ಬೇಕೇ ಬೇಕು. ಅದಿಲ್ಲದಿದ್ದರೆ ಗಡಿಗೆಯು ಮೊದಲ ಮಳೆಗೆ ಕರಗಿಹೋದೀತು. ಆದರೆ ಯಾವ ಕುಂಬಾರನೂ ಒಣಧೂಳನ್ನು ನೇರವಾಗಿ ಆವಿಗೆಗೆ ಹಾಕಿ ಗಡಿಗೆಯನ್ನು ಪಡೆದುದಿಲ್ಲ. ಮೊದಲು ನೀರು, ಆಮೇಲೆ ಬೆಂಕಿ. ಸ್ನೇಹವಿಲ್ಲದ ಜನರ ನಡುವೆ ಕಾನೂನು ಎಷ್ಟು ಉರಿದರೂ, ಉಳಿಯುವುದು ಬಿಸಿಯಾದ ಧೂಳು.

ಸಂಜೆಯ ಹೊತ್ತಿಗೆ ರಸ್ತೆಯ ಬದಿಯ ಮರಳಿನ ರಾಶಿಯು ಅರ್ಧವಾಗಿರುತ್ತದೆ. ಬೆಳಗಿನಿಂದ ಹೊತ್ತ ಹೆಂಗಸು ಕೊನೆಯ ಬಾಂಡಲಿಯನ್ನು ತುಂಬಿ, ತಲೆಯ ಸಿಂಬಿಯನ್ನು ಸರಿಪಡಿಸಿಕೊಂಡು, ಬಾಂಡಲಿಯನ್ನು ಎತ್ತಲು ಯಾರಾದರೂ ಕೈಕೊಡುವರೇ ಎಂದು ಅತ್ತಿತ್ತ ನೋಡುತ್ತಾಳೆ. ಆ ದಾರಿಯಲ್ಲಿ ಹೋಗುವವರು ಸಾವಿರ ಮಂದಿ. ಅವಳ ಪಕ್ಕದಲ್ಲಿರುವವನು ಒಬ್ಬ. ಹೊಣೆ ಯಾರದೆಂಬ ಪ್ರಶ್ನೆಗೆ ಅಲ್ಲಿ ಹೆಚ್ಚಿನ ತರ್ಕವು ಬೇಕಾಗುವುದಿಲ್ಲ.